ಲೆಕ್ಕಕ್ಕೆ ಸಿಗದ ಇಪ್ಪತ್ತೆರಡು

ಅಂಕಪಟ್ಟಿಯಲ್ಲಿ ಪ್ರತಿ ವಿಷಯಕ್ಕೂ ಒಂದೊಂದು ಕಾಲಂ ಇರುತ್ತದೆ. ಭಾಷೆಗೆ ಒಂದು, ಗಣಿತಕ್ಕೆ ಒಂದು, ವಿಜ್ಞಾನಕ್ಕೆ ಒಂದು. ಕಾಲಂ ಇದ್ದ ವಿಷಯಕ್ಕೆ ಅಂಕ ಬರುತ್ತದೆ, ಇಲ್ಲದ್ದಕ್ಕೆ ಬರುವುದಿಲ್ಲ. ತರಗತಿಯಲ್ಲಿ ಹಿಂದುಳಿದ ಗೆಳೆಯನಿಗೆ ದಿನವೂ ಪಾಠ ಹೇಳಿಕೊಟ್ಟ ಹುಡುಗಿಗೆ ಆ ಕೆಲಸಕ್ಕೆಂದು ಯಾವ ಕಾಲಂನಲ್ಲೂ ಅಂಕವಿಲ್ಲ. ಆಟದ ಸ್ಕೋರು ಪುಸ್ತಕವೂ ಒಂದು ಬಗೆಯ ಅಂಕಪಟ್ಟಿಯೇ. ಅದರಲ್ಲಿ ತನ್ನ ಕೆಲಸಕ್ಕೆ ಕಾಲಂ ಇಲ್ಲದಿದ್ದ ಕಾಲದಲ್ಲಿ ಆ ಕೆಲಸವನ್ನು ತನ್ನ ಕಾಲದ ಎಲ್ಲರಿಗಿಂತ ಹೆಚ್ಚಾಗಿ ಮಾಡಿದ ಒಬ್ಬ ಆಟಗಾರನಿದ್ದ. ಆತನ ಹೆಸರು ಫ್ರೆಡ್ ಮಾರ್ಬೆರಿ. ಆಟ ಅಮೆರಿಕದ ಬೇಸ್‌ಬಾಲ್. 1926ರಲ್ಲಿ ಆತ 22 ಪಂದ್ಯಗಳನ್ನು ಕೊನೆಗಳಿಗೆಯಲ್ಲಿ ಕೈಬಿಟ್ಟು ಹೋಗದಂತೆ ಉಳಿಸಿಕೊಟ್ಟ. ಅದು ಒಂದು ದಾಖಲೆ ಎಂಬುದು ಆ ವರ್ಷ ಯಾರಿಗೂ ಗೊತ್ತಾಗಲಿಲ್ಲ, ಸ್ವತಃ ಮಾರ್ಬೆರಿಗೂ ಗೊತ್ತಾಗಲಿಲ್ಲ. ಏಕೆಂದರೆ ಅಂಥದ್ದೊಂದು ಲೆಕ್ಕವೇ ಆಗ ಇರಲಿಲ್ಲ.

ಕ್ರಿಕೆಟ್ ಬಲ್ಲವರಿಗೆ ಬೇಸ್‌ಬಾಲ್ ಅರ್ಥವಾಗುವುದು ಕಷ್ಟವಲ್ಲ. ಒಂದೇ ಒಂದು ವ್ಯತ್ಯಾಸವನ್ನು ಮಾತ್ರ ಮೊದಲೇ ಮನಸ್ಸಿನಲ್ಲಿಟ್ಟುಕೊಳ್ಳಬೇಕು. ಕ್ರಿಕೆಟ್‌ನಲ್ಲಿ ಓವರು ಮುಗಿದೊಡನೆ ಬೌಲರ್ ಬದಲಾಗುತ್ತಾನೆ, ದಣಿವಾರಿಸಿಕೊಂಡು ಮತ್ತೆ ಬರುತ್ತಾನೆ. ಬೇಸ್‌ಬಾಲ್‌ನಲ್ಲಿ ಹಾಗಿಲ್ಲ. ಮೈದಾನದ ನಡುವಿನ ಮಣ್ಣಿನ ದಿಬ್ಬದ ಮೇಲೆ ನಿಂತು, ಅರವತ್ತು ಅಡಿ ಆರು ಅಂಗುಲ ದೂರದ ದಾಂಡಿಗನತ್ತ ಚೆಂಡೆಸೆಯುವ ಪಿಚರ್ ಒಬ್ಬನೇ. ಅವನನ್ನು ಪಂದ್ಯದಿಂದ ಹೊರಗೆ ಕರೆಸಿದರೆ ಅಲ್ಲಿಗೆ ಅವನ ಆಟ ಮುಗಿಯಿತು. ಆ ದಿನ ಅವನು ಮತ್ತೆ ಒಳಗೆ ಬರುವಂತಿಲ್ಲ. ಒಂಬತ್ತು ಇನಿಂಗ್ಸ್‌ಗಳ ಪಂದ್ಯದಲ್ಲಿ ನೂರಕ್ಕೂ ಹೆಚ್ಚು ಸಲ ತೋಳು ಬೀಸಬೇಕು. ಆದ್ದರಿಂದ ಪಿಚರನ್ನು ಬದಲಿಸುವುದು ಆಟದಲ್ಲಿ ಬಹಳ ದೊಡ್ಡ ನಿರ್ಧಾರ.

ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಆ ನಿರ್ಧಾರವನ್ನು ತೆಗೆದುಕೊಳ್ಳುವವರೇ ಕಡಿಮೆ. ಪಂದ್ಯ ಆರಂಭಿಸಿದವನೇ ಅದನ್ನು ಮುಗಿಸಬೇಕು ಎಂಬುದು ಗಂಡಸುತನದ ಪ್ರಶ್ನೆಯಂತಿತ್ತು. 1904ರಲ್ಲಿ ನ್ಯೂಯಾರ್ಕ್ ತಂಡದ ಜಾಕ್ ಚೆಸ್‌ಬ್ರೊ ಆರಂಭಿಸಿದ್ದು 51 ಪಂದ್ಯ. ಅವುಗಳಲ್ಲಿ 48 ಪಂದ್ಯಗಳನ್ನು ಕೊನೆಯವರೆಗೂ ತಾನೇ ಎಸೆದು ಮುಗಿಸಿದ, 41 ಗೆದ್ದ. ಆ ಋತುವಿನ ನಿರ್ಣಾಯಕ ದಿನ, ಅಕ್ಟೋಬರ್ 10ರಂದು, ಒಂಬತ್ತನೆಯ ಇನಿಂಗ್ಸಿನಲ್ಲಿ ಅವನ ಕೈಯಿಂದ ಜಾರಿದ ಒಂದು ಚೆಂಡು ಕ್ಯಾಚರನನ್ನು ದಾಟಿ ಹಿಂದಕ್ಕೆ ಹೋಯಿತು. ಎದುರಾಳಿ ಒಂದು ರನ್ ಓಡಿದ. ಲೀಗ್ ಪ್ರಶಸ್ತಿ ಬಾಸ್ಟನ್ ಪಾಲಾಯಿತು. ನಾನೂರ ಐವತ್ತಕ್ಕೂ ಹೆಚ್ಚು ಇನಿಂಗ್ಸ್ ಎಸೆದ ತೋಳದು. ಆಗ ಆ ತಂಡದ ಮ್ಯಾನೇಜರ್ ಆಗಿದ್ದವನು ಕ್ಲಾರ್ಕ್ ಗ್ರಿಫಿತ್. ಈ ಹೆಸರನ್ನೂ ಆ ತಾರೀಕನ್ನೂ ಓದುಗರು ನೆನಪಿಟ್ಟುಕೊಳ್ಳಬೇಕು, ಎರಡೂ ಮತ್ತೆ ಬರಲಿವೆ.

ಹಾಗೆಂದು ಬದಲಿ ಪಿಚರುಗಳೇ ಇರಲಿಲ್ಲವೆಂದಲ್ಲ. ಮುದುಕರು, ಅನನುಭವಿಗಳು, ತೋಳು ನೋವಿನವರು, ಆರಂಭಿಕ ಪಿಚರ್ ಪೂರಾ ಏಟು ತಿಂದ ಮೇಲೆ ಉಳಿದ ಇನಿಂಗ್ಸ್ ಮುಗಿಸಲು ಬರುತ್ತಿದ್ದರು. ಪಂದ್ಯ ನಿಜಕ್ಕೂ ಮುಖ್ಯವಾದರೆ, ವಿಶ್ರಾಂತಿಯಲ್ಲಿರುವ ಅತ್ಯುತ್ತಮ ಆರಂಭಿಕ ಪಿಚರನ್ನೇ ಎಬ್ಬಿಸಿ ಕಳಿಸುವ ರೂಢಿ. ನ್ಯೂಯಾರ್ಕ್ ಜಯಂಟ್ಸ್ ತಂಡದ ಮ್ಯಾನೇಜರ್ ಜಾನ್ ಮೆಗ್ರಾ ಮಾತ್ರ 1908ರಿಂದ ಕೆಲವು ವರ್ಷ ಓಟಿಸ್ ಕ್ರಾಂಡಲ್ ಎಂಬವನನ್ನು ಮೇಲಿಂದ ಮೇಲೆ ಪಂದ್ಯದ ಮಧ್ಯದಲ್ಲಿ ಇಳಿಸುತ್ತಿದ್ದ. ಕಷ್ಟಕಾಲಕ್ಕೆ ಓಡಿಬರುವ ವೈದ್ಯನೆಂದು ಪತ್ರಕರ್ತ ಡೇಮನ್ ರನ್ಯನ್ ಅವನನ್ನು ಬಣ್ಣಿಸಿದ್ದರಿಂದ ಕ್ರಾಂಡಲ್‌ಗೆ ‘ಡಾಕ್’ ಎಂಬ ಹೆಸರೇ ನಿಂತುಹೋಯಿತು. ಆದರೂ ಅದು ಒಬ್ಬ ಮ್ಯಾನೇಜರನ ಖಯಾಲಿ ಎನಿಸಿತೇ ಹೊರತು ಪದ್ಧತಿಯಾಗಲಿಲ್ಲ.

ಪರಿಸ್ಥಿತಿ ಬದಲಾದದ್ದು 1920ರಲ್ಲಿ. ಎಂಜಲು ಹಚ್ಚಿ ಚೆಂಡನ್ನು ವಿಚಿತ್ರವಾಗಿ ತಿರುಗಿಸುವ ವಿದ್ಯೆಗೆ ಆ ವರ್ಷ ನಿಷೇಧ ಬಿತ್ತು. ಆಗಲೇ ಬಳಸುತ್ತಿದ್ದ ಬೆರಳೆಣಿಕೆಯ ಪಿಚರುಗಳಿಗೆ ಮಾತ್ರ ವಿನಾಯಿತಿ. ಅದೇ ಆಗಸ್ಟ್‌ನಲ್ಲಿ ಕ್ಲೀವ್‌ಲೆಂಡ್‌ನ ರೇ ಚಾಪ್ಮನ್ ಎಂಬ ಆಟಗಾರ ತಲೆಗೆ ಚೆಂಡು ಬಡಿದು ಸತ್ತ. ಮಣ್ಣು ಮೆತ್ತಿ ಕಪ್ಪಾದ ಚೆಂಡು ಸಂಜೆಯ ಬೆಳಕಿನಲ್ಲಿ ಅವನಿಗೆ ಕಾಣಲೇ ಇಲ್ಲ ಎಂದು ನೋಡಿದವರು ಹೇಳಿದರು. ಅಲ್ಲಿಂದ ಮುಂದೆ ಕೊಳೆಯಾದ ಚೆಂಡನ್ನು ಆಗಾಗ ಬದಲಿಸಿ ಬಿಳಿ ಚೆಂಡು ಕೊಡುವುದು ರೂಢಿಯಾಯಿತು. ಬಿಳಿ ಚೆಂಡು ದಾಂಡಿಗನಿಗೆ ಚೆನ್ನಾಗಿ ಕಾಣುತ್ತದೆ, ದೂರ ಹಾರುತ್ತದೆ. ಬೇಬ್ ರೂತ್ ಆ ಒಂದೇ ವರ್ಷ 54 ಹೋಮ್ ರನ್ ಬಾರಿಸಿದ. ಮೊದಲು ಪಿಚರ್ ಕೊನೆಯ ಸಾಲಿನ ದುರ್ಬಲ ದಾಂಡಿಗರಿಗೆ ಹಗುರವಾಗಿ ಎಸೆದು ತೋಳಿಗೆ ವಿಶ್ರಾಂತಿ ಕೊಡಬಹುದಿತ್ತು. ಈಗ ಒಂದು ಚೆಂಡು ಸಡಿಲವಾದರೂ ಅದು ಬೇಲಿಯಾಚೆ ಬೀಳುತ್ತಿತ್ತು. ಏಳನೆಯ ಎಂಟನೆಯ ಇನಿಂಗ್ಸಿನ ಹೊತ್ತಿಗೆ ಆರಂಭಿಕ ಪಿಚರ್ ದಣಿದು ನಿಲ್ಲುವುದು ಸಾಮಾನ್ಯವಾಯಿತು. ಆಮೇಲಿನ ಒಂದು ಗಂಟೆಯನ್ನು ಯಾರು ನಿಭಾಯಿಸಬೇಕು?

ಫ್ರೆಡ್ ಮಾರ್ಬೆರಿ ಹುಟ್ಟಿದ್ದು 1898ರ ನವೆಂಬರ್ 30ರಂದು, ಟೆಕ್ಸಾಸ್‌ನ ಸ್ಟ್ರೀಟ್‌ಮನ್ ಎಂಬ ಸಣ್ಣ ಊರಿನಲ್ಲಿ. ಆರಡಿ ದಾಟಿದ ದಷ್ಟಪುಷ್ಟ ಆಳು. ಲಿಟಲ್ ರಾಕ್ ಊರಿನ ಕೆಳದರ್ಜೆಯ ತಂಡದಲ್ಲಿ ಆಡುತ್ತಿದ್ದವನನ್ನು 1923ರಲ್ಲಿ ವಾಷಿಂಗ್ಟನ್ ತಂಡ ಕೊಂಡುಕೊಂಡಿತು. ಅದೇ ಸೆಪ್ಟೆಂಬರ್‌ನಲ್ಲಿ ಅರ್ಜೆಂಟೀನಾದ ಮುಷ್ಟಿಕಾಳಗದ ಪಟು ಲೂಯಿಸ್ ಫಿರ್ಪೊ, ವಿಶ್ವ ಚಾಂಪಿಯನ್ ಜಾಕ್ ಡೆಂಪ್ಸಿಯನ್ನು ಒಂದೇ ಏಟಿಗೆ ಹಗ್ಗದಾಚೆ ಕೆಡವಿ, ಮರುಸುತ್ತಿನಲ್ಲಿ ತಾನೇ ಸೋತು ಮನೆಮಾತಾಗಿದ್ದ. ಮಾರ್ಬೆರಿಯ ಮೈಕಟ್ಟೂ ಮುಖಚರ್ಯೆಯೂ ಫಿರ್ಪೊನನ್ನು ಹೋಲುತ್ತಿದ್ದುದರಿಂದ ಪತ್ರಿಕೆಗಳು ಅವನಿಗೆ ‘ಫಿರ್ಪೊ’ ಎಂದೇ ಹೆಸರಿಟ್ಟವು. ಅವನಿಗೆ ಆ ಹೆಸರು ಹಿಡಿಸುತ್ತಿರಲಿಲ್ಲ. ಆದರೆ ಅಡ್ಡಹೆಸರು ಇಟ್ಟವರು ಇಟ್ಟುಕೊಂಡವನ ಇಷ್ಟ ಕೇಳುವುದಿಲ್ಲವಲ್ಲ! ಇಂದಿಗೂ ದಾಖಲೆ ಪುಸ್ತಕಗಳಲ್ಲಿ ಅವನು ಫಿರ್ಪೊ ಮಾರ್ಬೆರಿಯೇ.

ಅವನ ಬತ್ತಳಿಕೆಯಲ್ಲಿ ಬಾಣಗಳು ಹೆಚ್ಚಿರಲಿಲ್ಲ. ಇದ್ದದ್ದು ವೇಗ. ಎಡಗಾಲನ್ನು ಎತ್ತರಕ್ಕೆ ಎತ್ತಿ, ಇಡೀ ಮೈಭಾರವನ್ನು ಹಾಕಿ ಎಸೆಯುತ್ತಿದ್ದ. ಒಂಬತ್ತು ಇನಿಂಗ್ಸ್ ಹಾಗೆ ಎಸೆದರೆ ಅದೇ ದಾಂಡಿಗರು ಮೂರನೆಯ ನಾಲ್ಕನೆಯ ಸಲ ಎದುರಾಗುವ ಹೊತ್ತಿಗೆ ಗುಟ್ಟು ತಿಳಿದುಹೋಗುತ್ತದೆ. ಎರಡು ಮೂರು ಇನಿಂಗ್ಸ್ ಮಾತ್ರ ಎಸೆದರೆ ಆ ಭಯವಿಲ್ಲ, ಶಕ್ತಿಯನ್ನು ಉಳಿಸಿಕೊಳ್ಳುವ ಚಿಂತೆಯೂ ಇಲ್ಲ. ಆಗ ದೀಪದ ಬೆಳಕಿನ ಪಂದ್ಯಗಳಿರಲಿಲ್ಲ ಎಂಬುದನ್ನೂ ಗಮನಿಸಬೇಕು. ಮೇಜರ್ ಲೀಗ್‌ನಲ್ಲಿ ಮೊದಲ ರಾತ್ರಿ ಪಂದ್ಯ ನಡೆದದ್ದು 1935ರಲ್ಲಿ. ಮಧ್ಯಾಹ್ನ ಶುರುವಾದ ಆಟದ ಕೊನೆಯ ಇನಿಂಗ್ಸ್‌ಗಳ ಹೊತ್ತಿಗೆ ಸ್ಟ್ಯಾಂಡಿನ ನೆರಳು ಮೈದಾನಕ್ಕೆ ಚಾಚಿಕೊಂಡಿರುತ್ತಿತ್ತು. ಆ ನೆರಳಿನಲ್ಲಿ ಹೊಸ ತೋಳಿನ ವೇಗದ ಚೆಂಡನ್ನು ಎದುರಿಸುವುದು ಯಾವ ದಾಂಡಿಗನಿಗೂ ಬೇಕಿರಲಿಲ್ಲ.

ವಾಷಿಂಗ್ಟನ್ ತಂಡದ ಸ್ಥಿತಿ ಹೇಗಿತ್ತೆಂದರೆ ಯುದ್ಧದಲ್ಲಿ ಮೊದಲು, ಶಾಂತಿಯಲ್ಲಿ ಮೊದಲು, ಅಮೆರಿಕನ್ ಲೀಗ್‌ನಲ್ಲಿ ಮಾತ್ರ ಕೊನೆ ಎಂದು ಜನ ರಾಜಧಾನಿಯನ್ನು ಗೇಲಿ ಮಾಡುತ್ತಿದ್ದರು. 1901ರಿಂದ ಒಮ್ಮೆಯೂ ಲೀಗ್ ಗೆದ್ದಿರಲಿಲ್ಲ. 1907ರಿಂದ ಅಲ್ಲೇ ಇದ್ದ ವಾಲ್ಟರ್ ಜಾನ್ಸನ್ ಆ ಕಾಲದ ಅತಿ ವೇಗದ ಪಿಚರುಗಳಲ್ಲಿ ಒಬ್ಬ. ಅಂಥವನಿಗೆ ಮೂವತ್ತಾರು ತುಂಬಿದರೂ ವರ್ಲ್ಡ್ ಸೀರೀಸ್ ಎಂಬುದು ಕನಸಾಗಿಯೇ ಉಳಿದಿತ್ತು. ತಂಡದ ಮಾಲೀಕ ಬೇರೆ ಯಾರೂ ಅಲ್ಲ, ಇಪ್ಪತ್ತು ವರ್ಷದ ಹಿಂದೆ ಚೆಸ್‌ಬ್ರೊನ ಚೆಂಡು ಜಾರಿದ್ದನ್ನು ಕಣ್ಣಾರೆ ಕಂಡ ಕ್ಲಾರ್ಕ್ ಗ್ರಿಫಿತ್. 1924ರಲ್ಲಿ ಆತ ತಂಡದ ಚುಕ್ಕಾಣಿಯನ್ನು ಇಪ್ಪತ್ತೇಳರ ಬಕಿ ಹ್ಯಾರಿಸ್‌ಗೆ ಒಪ್ಪಿಸಿದ. ಹ್ಯಾರಿಸ್ ಎರಡನೇ ಬೇಸ್‌ನ ಆಟಗಾರನೂ ಹೌದು, ಮ್ಯಾನೇಜರನೂ ಹೌದು. ಹುಡುಗನ ಕೈಗೆ ತಂಡ ಕೊಟ್ಟರಲ್ಲ ಎಂದು ನಕ್ಕವರೇ ಹೆಚ್ಚು.

ಆ ಹುಡುಗ ಮಾಡಿದ ಕೆಲಸ ಇಷ್ಟೆ. ತನ್ನಲ್ಲಿದ್ದ ಯುವ ವೇಗದ ಪಿಚರುಗಳಲ್ಲಿ ಒಬ್ಬನನ್ನು, ಮುದುಕನನ್ನೋ ಗಾಯಾಳುವನ್ನೋ ಅಲ್ಲ, ಪಂದ್ಯದ ಕೊನೆಯ ಭಾಗಕ್ಕೆಂದು ಎತ್ತಿಟ್ಟ. ಮುನ್ನಡೆ ಕೈತಪ್ಪುವಂತೆ ಕಂಡರೆ ಮಾರ್ಬೆರಿಗೆ ಕರೆ ಹೋಗುತ್ತಿತ್ತು. ಮೇಲ್ನೋಟಕ್ಕೆ ಇದು ಒಳ್ಳೆಯ ಸರಕನ್ನು ಹಾಳುಮಾಡಿದಂತೆಯೇ ಕಾಣುತ್ತದೆ. 1924ರಲ್ಲಿ ಮಾರ್ಬೆರಿ ಆಡಿದ್ದು 50 ಪಂದ್ಯ. ಅವುಗಳಲ್ಲಿ ಸುಮಾರು ಮುಕ್ಕಾಲು ಪಾಲು ಮಧ್ಯದಲ್ಲಿ ಇಳಿದವು. ಗೆಲುವು 11, ಸೋಲು 12. ಅಂಕಪಟ್ಟಿಯನ್ನಷ್ಟೇ ನೋಡುವ ತಂದೆಯಾದರೆ ಮಗನನ್ನು ಕರೆದು ಬಯ್ಯುವಂಥ ಫಲಿತಾಂಶ. ಆದರೆ ವಾಷಿಂಗ್ಟನ್ ಆ ವರ್ಷ 92 ಪಂದ್ಯ ಗೆದ್ದು, ಬೇಬ್ ರೂತ್‌ನ ನ್ಯೂಯಾರ್ಕ್ ಯಾಂಕೀಸ್ ತಂಡವನ್ನು ಎರಡೇ ಎರಡು ಪಂದ್ಯಗಳ ಅಂತರದಿಂದ ಹಿಂದಿಕ್ಕಿ ಲೀಗ್ ಪ್ರಶಸ್ತಿ ಪಡೆಯಿತು. ಮಾರ್ಬೆರಿ ಬೇರೆಯವರ ಮುನ್ನಡೆಯನ್ನು ಕಾಪಾಡಿದ ಪಂದ್ಯಗಳು ಹದಿನೈದು. ಆ ಎಲ್ಲ ಗೆಲುವುಗಳೂ ಪುಸ್ತಕದಲ್ಲಿ ಬೇರೆ ಪಿಚರುಗಳ ಹೆಸರಿಗೆ ಹೋದವು, ಏಕೆಂದರೆ ಗೆಲುವಿನ ಕಾಲಂ ಇರುವುದು ಒಂದೇ ಹೆಸರಿಗೆ.

ವರ್ಲ್ಡ್ ಸೀರೀಸ್‌ನಲ್ಲಿ ಎದುರಾಳಿ ಜಾನ್ ಮೆಗ್ರಾನ ನ್ಯೂಯಾರ್ಕ್ ಜಯಂಟ್ಸ್. ಏಳರಲ್ಲಿ ನಾಲ್ಕು ಗೆದ್ದವರದು ಕಿರೀಟ. ಮೊದಲ ಪಂದ್ಯವನ್ನು ಜಾನ್ಸನ್ ಹನ್ನೆರಡು ಇನಿಂಗ್ಸ್ ಎಸೆದು ಸೋತ. ಎರಡನೆಯದರಲ್ಲಿ ಒಂಬತ್ತನೆಯ ಇನಿಂಗ್ಸ್‌ಗೆ ಜಯಂಟ್ಸ್ 3–3 ಸಮ ಮಾಡಿಕೊಂಡಾಗ ಮಾರ್ಬೆರಿ ಬಂದು ಕೊನೆಯ ದಾಂಡಿಗನನ್ನು ಮೂರು ಸ್ಟ್ರೈಕ್‌ಗೆ ಕಳಿಸಿದ. ವಾಷಿಂಗ್ಟನ್ ಮರುಪಾಳಿಯಲ್ಲೇ ಗೆದ್ದಿತು. ಮೂರನೆಯ ಪಂದ್ಯವನ್ನು ಹ್ಯಾರಿಸ್ ಅವನಿಂದಲೇ ಆರಂಭಿಸಿದ. ಅದರಲ್ಲಿ ಸೋಲು. ನಾಲ್ಕನೆಯದನ್ನು ಮುಗಿಸಲು ಮತ್ತೆ ಅವನೇ, ಅದರಲ್ಲಿ ಗೆಲುವು. ಐದನೆಯದರಲ್ಲಿ ಜಾನ್ಸನ್ ಮತ್ತೆ ಸೋತ. ಆರನೆಯದನ್ನು ವಾಷಿಂಗ್ಟನ್ 2–1ರಿಂದ ಗೆದ್ದಿತು. ಮೂರಕ್ಕೆ ಮೂರು.

ಏಳನೆಯ ಪಂದ್ಯ 1924ರ ಅಕ್ಟೋಬರ್ 10ರಂದು, ವಾಷಿಂಗ್ಟನ್‌ನ ಗ್ರಿಫಿತ್ ಕ್ರೀಡಾಂಗಣದಲ್ಲಿ. ಚೆಸ್‌ಬ್ರೊನ ಚೆಂಡು ಜಾರಿ ಅಂದಿಗೆ ಸರಿಯಾಗಿ ಇಪ್ಪತ್ತು ವರ್ಷ. ಅಧ್ಯಕ್ಷ ಕ್ಯಾಲ್ವಿನ್ ಕೂಲಿಜ್ ದಂಪತಿ ಬಂದು ಕುಳಿತಿದ್ದರು. ಹ್ಯಾರಿಸ್ ಅಂದು ಹೂಡಿದ ತಂತ್ರ ಇಂದಿಗೂ ಬೇಸ್‌ಬಾಲ್ ಮಂದಿಯ ಹರಟೆಯಲ್ಲಿ ಬರುತ್ತದೆ. ಜಯಂಟ್ಸ್ ತಂಡದ ಬಿಲ್ ಟೆರಿ ಎಂಬ ಎಡಗೈ ದಾಂಡಿಗ ಆ ಸರಣಿಯಲ್ಲಿ ಬೆಂಕಿಯಂತೆ ಆಡುತ್ತಿದ್ದ. ಆದರೆ ಎಡಗೈ ಪಿಚರ್ ಎದುರಿಗಿದ್ದರೆ ಮೆಗ್ರಾ ಅವನನ್ನು ಆಡಿಸುತ್ತಿರಲಿಲ್ಲ. ಆದ್ದರಿಂದ ಹ್ಯಾರಿಸ್ ಬಲಗೈಯ ಕರ್ಲಿ ಆಗ್ಡನ್‌ನನ್ನು ಆರಂಭಕ್ಕೆ ಇಳಿಸಿದ. ಮೆಗ್ರಾ ಟೆರಿಯನ್ನು ತಂಡದಲ್ಲಿ ಬರೆದುಕೊಟ್ಟ. ಆಗ್ಡನ್ ಇಬ್ಬರೇ ದಾಂಡಿಗರಿಗೆ ಎಸೆಯುತ್ತಿದ್ದಂತೆ ಅವನನ್ನು ಹೊರಗೆ ಕರೆಸಿ ಎಡಗೈಯ ಜಾರ್ಜ್ ಮೊಗ್ರಿಜ್‌ನನ್ನು ಹ್ಯಾರಿಸ್ ಒಳಗೆ ಕಳಿಸಿದ. ಮೆಗ್ರಾ ಬೋನಿಗೆ ಬಿದ್ದ. ಟೆರಿಯನ್ನು ಇಟ್ಟುಕೊಂಡರೆ ಎಡಗೈ ಪಿಚರನ್ನು ಎದುರಿಸಬೇಕು, ತೆಗೆದರೆ ಮತ್ತೆ ಆ ದಿನ ಅವನು ಸಿಗುವುದಿಲ್ಲ.

ನಾಲ್ಕನೆಯ ಇನಿಂಗ್ಸಿನಲ್ಲಿ ಹ್ಯಾರಿಸನೇ ಹೋಮ್ ರನ್ ಬಾರಿಸಿದ. 1–0. ಆರನೆಯದರಲ್ಲಿ ಜಯಂಟ್ಸ್‌ನ ಇಬ್ಬರು ಬೇಸ್ ಮೇಲೆ ನಿಂತಾಗ ಮೆಗ್ರಾ ಕೊನೆಗೂ ಟೆರಿಯನ್ನು ತೆಗೆದು ಬಲಗೈ ದಾಂಡಿಗ ಐರಿಷ್ ಮ್ಯೂಸಲ್‌ನನ್ನು ಕಳಿಸಿದ. ಹ್ಯಾರಿಸ್ ಕಾಯುತ್ತಿದ್ದದ್ದು ಇದಕ್ಕೇ. ಮೊಗ್ರಿಜ್ ಹೊರಗೆ, ಬಲಗೈಯ ಮಾರ್ಬೆರಿ ಒಳಗೆ.

ಲೆಕ್ಕಾಚಾರವೆಲ್ಲ ಸರಿಯಾಗಿತ್ತು. ಮೈದಾನದಲ್ಲಿ ನಡೆದದ್ದು ಬೇರೆ. ಮ್ಯೂಸಲ್ ದೂರಕ್ಕೆ ಎತ್ತಿ ಹೊಡೆದ. ಅದು ಕ್ಯಾಚ್ ಆದರೂ ಅಷ್ಟರಲ್ಲಿ ಒಬ್ಬ ಓಡಿ ಬಂದು ಸ್ಕೋರು ಸಮ ಮಾಡಿದ. ಮುಂದಿನವನದು ಒಂದು ಹೊಡೆತ. ಆಮೇಲಿನ ದಾಂಡಿಗ ಸುಲಭವಾಗಿ ನೆಲದ ಮೇಲೆ ಹೊಡೆದ ಚೆಂಡನ್ನು ಮೊದಲ ಬೇಸ್‌ನ ಜೋ ಜಡ್ಜ್ ತಡವರಿಸಿ ಕೈಬಿಟ್ಟ. ಮತ್ತೊಂದು ರನ್. ಅದರ ಹಿಂದೆಯೇ ಬಂದ ಇನ್ನೊಂದು ಚೆಂಡು ಆಸಿ ಬ್ಲೂಜ್‌ನ ಕಾಲ ನಡುವೆ ನುಸುಳಿತು. 3–1. ಇಬ್ಬರೂ ಒಳ್ಳೆಯ ಕ್ಷೇತ್ರರಕ್ಷಕರು. ಅಂಥ ದಿನ ಅಂಥವರಿಗೂ ಹಾಗಾಗುತ್ತದೆ. ದಿಬ್ಬದ ಮೇಲೆ ನಿಂತವನು ಕೂಗಾಡುವಂತಿಲ್ಲ, ಮುಂದಿನ ಚೆಂಡು ಎಸೆಯಬೇಕು. ಮಾರ್ಬೆರಿ ಎಸೆದ. ಏಳನೆಯ ಇನಿಂಗ್ಸಿನಲ್ಲಿ ರನ್ ಇಲ್ಲ. ಎಂಟನೆಯದರಲ್ಲೂ ಇಲ್ಲ.

ವಾಷಿಂಗ್ಟನ್‌ನ ಎಂಟನೆಯ ಪಾಳಿಯಲ್ಲಿ ಇಬ್ಬರು ಬೇಸ್ ಮೇಲಿದ್ದಾಗ ಮಾರ್ಬೆರಿಯ ಬ್ಯಾಟಿಂಗ್ ಸರದಿ ಬಂತು. ಅವನ ಬದಲಿಗೆ ಬೇರೊಬ್ಬ ದಾಂಡಿಗನನ್ನು ಕಳಿಸಿದರು. ಅಲ್ಲಿಗೆ ಅವನ ದಿನ ಮುಗಿಯಿತು. ಬದಲಿಗೆ ಬಂದವನಿಗೆ ಬಿಟ್ಟಿ ಬೇಸ್ ಸಿಕ್ಕಿ ಮೂರೂ ಬೇಸ್ ತುಂಬಿದವು. ಮುಂದೆ ಹ್ಯಾರಿಸ್ ಹೊಡೆದ ಚೆಂಡು ನೆಲಕ್ಕೆ ಬಡಿದು, ಮೂರನೆಯ ಬೇಸ್‌ನ ಹದಿನೆಂಟರ ಹುಡುಗ ಫ್ರೆಡಿ ಲಿಂಡ್‌ಸ್ಟ್ರಾಮ್‌ನ ತಲೆಯ ಮೇಲೆ ಪುಟಿದು ಹಾರಿತು. ಎರಡು ರನ್. 3–3.

ಒಂಬತ್ತನೆಯ ಇನಿಂಗ್ಸ್‌ಗೆ ಹ್ಯಾರಿಸ್ ಕರೆಸಿದ್ದು ವಾಲ್ಟರ್ ಜಾನ್ಸನ್‌ನನ್ನು. ಎರಡು ಪಂದ್ಯ ಸೋತಿದ್ದ ಜಾನ್ಸನ್ ಈಗ ತಾನೇ ಬದಲಿ ಪಿಚರ್ ಆಗಿ ನಾಲ್ಕು ಇನಿಂಗ್ಸ್ ರನ್ ಕೊಡದೆ ಎಸೆದ. ಹನ್ನೆರಡನೆಯ ಇನಿಂಗ್ಸಿನಲ್ಲಿ ವಾಷಿಂಗ್ಟನ್‌ನ ಮಡಿ ರೂಯೆಲ್ ಮೇಲಕ್ಕೆ ಹೊಡೆದ ಸುಲಭದ ಚೆಂಡನ್ನು ಹಿಡಿಯಲು ಹೋದ ಜಯಂಟ್ಸ್ ಕ್ಯಾಚರ್ ಹ್ಯಾಂಕ್ ಗೌಡಿ, ತಾನೇ ಕಳಚಿ ಎಸೆದಿದ್ದ ಮುಖವಾಡದೊಳಗೆ ಕಾಲು ಸಿಕ್ಕಿಸಿಕೊಂಡು ಚೆಂಡು ಬಿಟ್ಟ. ಜೀವದಾನ ಪಡೆದ ರೂಯೆಲ್ ಎರಡನೆಯ ಬೇಸ್‌ಗೆ ಹೊಡೆತ ಬಾರಿಸಿದ. ಕೊನೆಗೆ ಅರ್ಲ್ ಮೆಕ್‌ನೀಲಿ ಹೊಡೆದ ಚೆಂಡು ಲಿಂಡ್‌ಸ್ಟ್ರಾಮ್‌ನ ಮುಂದೆ ಯಾವುದೋ ಕಲ್ಲಿಗೆ ತಗುಲಿದಂತೆ ಮತ್ತೊಮ್ಮೆ ಪುಟಿದು ತಲೆಯ ಮೇಲೆ ಹಾರಿತು. ಒಂದೇ ಪಂದ್ಯದಲ್ಲಿ ಒಂದೇ ಹುಡುಗನ ತಲೆಯ ಮೇಲೆ ಎರಡು ಸಲ! ರೂಯೆಲ್ ಓಡಿ ಬಂದ. 4–3. ವಾಷಿಂಗ್ಟನ್ ಮೊದಲ ಬಾರಿಗೆ ವಿಶ್ವ ಚಾಂಪಿಯನ್. ಆ ನಗರಕ್ಕೆ ಮತ್ತೊಂದು ಇಂಥ ಪ್ರಶಸ್ತಿ ಬರಲು 2019ರವರೆಗೆ ಕಾಯಬೇಕಾಯಿತು, ಅದೂ ಬೇರೆ ತಂಡದಿಂದ. ಆ ಕ್ರೀಡಾಂಗಣವೂ ಉಳಿದಿಲ್ಲ. 1965ರಲ್ಲಿ ಅದನ್ನು ಕೆಡವಿದರು, ಅಲ್ಲೀಗ ಹೋವರ್ಡ್ ವಿಶ್ವವಿದ್ಯಾಲಯದ ಆಸ್ಪತ್ರೆ ಇದೆ.

ಮರುವರ್ಷ ಮಾರ್ಬೆರಿ ಆಡಿದ 55 ಪಂದ್ಯಗಳಲ್ಲಿ ಒಂದನ್ನೂ ಆರಂಭಿಸಲಿಲ್ಲ. ಐವತ್ತೈದಕ್ಕೆ ಐವತ್ತೈದೂ ಮಧ್ಯದಲ್ಲಿ ಇಳಿದವು. ವಾಷಿಂಗ್ಟನ್ ಮತ್ತೆ ವರ್ಲ್ಡ್ ಸೀರೀಸ್‌ಗೆ ಬಂತು, ಈ ಸಲ ಪಿಟ್ಸ್‌ಬರ್ಗ್ ವಿರುದ್ಧ. ಮೂರನೆಯ ಪಂದ್ಯದ ಎಂಟನೆಯ ಇನಿಂಗ್ಸ್, ವಾಷಿಂಗ್ಟನ್‌ಗೆ 4–3ರ ಮುನ್ನಡೆ, ಎಸೆಯುತ್ತಿದ್ದವನು ಮಾರ್ಬೆರಿ. ಅರ್ಲ್ ಸ್ಮಿತ್ ಬಲಭಾಗದ ಗ್ಯಾಲರಿಯತ್ತ ಬಲವಾಗಿ ಹೊಡೆದ. ಸ್ಯಾಮ್ ರೈಸ್ ಓಡಿ, ಹಾರಿ, ಚೆಂಡಿನ ಸಮೇತ ಪ್ರೇಕ್ಷಕರ ನಡುವೆ ಉರುಳಿಬಿದ್ದ. ಸ್ವಲ್ಪ ಹೊತ್ತಿನ ಮೇಲೆ ಎದ್ದಾಗ ಕೈಯಲ್ಲಿ ಚೆಂಡಿತ್ತು. ಅಂಪೈರ್ ಔಟ್ ಕೊಟ್ಟ. ನಿಜಕ್ಕೂ ಹಿಡಿದನೇ, ಯಾರೋ ಪ್ರೇಕ್ಷಕ ಎತ್ತಿಕೊಟ್ಟನೇ? ಕೇಳಿದವರಿಗೆಲ್ಲ ರೈಸ್ ಕೊಡುತ್ತಿದ್ದ ಉತ್ತರ, ಅಂಪೈರ್ ಔಟ್ ಎಂದನಲ್ಲ ಎಂಬುದಷ್ಟೇ. 1965ರಲ್ಲಿ ಒಂದು ಪತ್ರ ಬರೆದು, ತಾನು ಸತ್ತ ಮೇಲೆ ತೆರೆಯಬೇಕೆಂದು ಹೇಳಿ ಬೇಸ್‌ಬಾಲ್ ಕೀರ್ತಿಭವನಕ್ಕೆ ಕೊಟ್ಟ. 1974ರಲ್ಲಿ ಅವನು ತೀರಿಕೊಂಡಾಗ ಪತ್ರ ತೆರೆದರು. ಚೆಂಡು ಒಂದು ಕ್ಷಣವೂ ತನ್ನ ಕೈಬಿಟ್ಟಿರಲಿಲ್ಲ ಎಂದು ಅದರಲ್ಲಿ ಬರೆದಿದ್ದ. ಮಾರ್ಬೆರಿ ಆ ಪಂದ್ಯವನ್ನು ಮುಗಿಸಿಕೊಟ್ಟ.

ಏಳನೆಯ ಪಂದ್ಯದಲ್ಲಿ ಮಾತ್ರ ಹ್ಯಾರಿಸ್ ಅವನನ್ನು ಕರೆಯಲೇ ಇಲ್ಲ. ಮಳೆಯಲ್ಲಿ, ಕೆಸರಿನಲ್ಲಿ, ಮೂವತ್ತೇಳರ ಜಾನ್ಸನ್ ಪೂರಾ ಪಂದ್ಯ ಎಸೆದು 15 ಹೊಡೆತ ತಿಂದ. ವಾಷಿಂಗ್ಟನ್ 9–7ರಿಂದ ಸೋತಿತು. ಮಮಕಾರಕ್ಕೆ ಬಿದ್ದು ಪಂದ್ಯ ಕಳೆದುಕೊಂಡಿರಿ ಎಂಬ ಅರ್ಥದ ತಂತಿಯನ್ನು ಲೀಗ್ ಅಧ್ಯಕ್ಷ ಬ್ಯಾನ್ ಜಾನ್ಸನ್ ಹ್ಯಾರಿಸ್‌ಗೆ ಕಳಿಸಿದ. ಹಿಂದಿನ ವರ್ಷ ಹೊಸ ದಾರಿ ತೋರಿಸಿದ ಮ್ಯಾನೇಜರನೇ ಅತಿಮುಖ್ಯ ದಿನ ಹಳೆಯ ದಾರಿಗೆ ಮರಳಿದ್ದ. ಹೊಸ ಪದ್ಧತಿಗಳು ಬೇರುಬಿಡುವುದು ಹೀಗೆಯೇ, ಎರಡು ಹೆಜ್ಜೆ ಮುಂದೆ, ಒಂದು ಹಿಂದೆ.

1926ರಲ್ಲಿ 64 ಪಂದ್ಯ, 12 ಗೆಲುವು, 7 ಸೋಲು, ಉಳಿಸಿಕೊಟ್ಟವು 22. ಇಷ್ಟಾದರೂ ಮಾರ್ಬೆರಿಯ ಮನಸ್ಸು ಇದ್ದದ್ದು ಆರಂಭಿಕ ಪಿಚರ್ ಸ್ಥಾನದ ಮೇಲೆ. ಅವನನ್ನು ತಪ್ಪು ತಿಳಿಯುವಂತಿಲ್ಲ. ಸಂಬಳದ ಮಾತುಕತೆಗೆ ಮಾಲೀಕನೆದುರು ಕುಳಿತಾಗ ಮುಂದಿಡಲು ಇದ್ದದ್ದು ಗೆಲುವಿನ ಸಂಖ್ಯೆಯೊಂದೇ. ಇಪ್ಪತ್ತು ಪಂದ್ಯ ಗೆದ್ದವನಿಗೆ ಇಪ್ಪತ್ತರ ಬೆಲೆ, ಇಪ್ಪತ್ತೆರಡನ್ನು ಉಳಿಸಿದವನಿಗೆ ಹೇಳಿಕೊಳ್ಳಲು ಒಂದು ಪದವೂ ಇಲ್ಲ. ಅವಕಾಶ ಕೊಟ್ಟಾಗ ಅವನು ಆರಂಭಿಕನಾಗಿಯೂ ಮಿಂಚಿದ. 1929ರಲ್ಲಿ ಎರಡೂ ಕೆಲಸ ಮಾಡುತ್ತಲೇ 19 ಗೆದ್ದ. 1931ರಲ್ಲಿ 16 ಗೆಲುವು, ನಾಲ್ಕೇ ಸೋಲು. ಅವನನ್ನು ಯಾವುದಾದರೂ ಒಂದಕ್ಕೆ ಬಿಟ್ಟಿದ್ದರೆ ಏನಾಗುತ್ತಿತ್ತೋ! ತಂಡಕ್ಕೆ ಅವನು ಎರಡು ಕಡೆಯೂ ಬೇಕಾಗಿದ್ದ. ಅಮೆರಿಕನ್ ಲೀಗ್‌ನಲ್ಲಿ ಅತಿಹೆಚ್ಚು ಪಂದ್ಯಗಳಲ್ಲಿ ಎಸೆದ ಪಿಚರ್ ಎಂಬ ಸ್ಥಾನ ಆರು ಋತುಗಳಲ್ಲಿ ಅವನದಾಯಿತು. ಯಾವಾಗ ಕರೆದರೂ ಬರುವವನೆಂದರೆ ಯಾವಾಗಲೂ ಕರೆಯುತ್ತಾರೆ.

ಮುಂದಿನದರಲ್ಲಿ ಅದೃಷ್ಟವೂ ಸ್ವಲ್ಪ ತಮಾಷೆ ಮಾಡಿತು. 1932ರ ಡಿಸೆಂಬರ್‌ನಲ್ಲಿ ವಾಷಿಂಗ್ಟನ್ ಅವನನ್ನು ಡೆಟ್ರಾಯಿಟ್‌ಗೆ ಕೊಟ್ಟುಬಿಟ್ಟಿತು. ಮರುವರ್ಷವೇ ವಾಷಿಂಗ್ಟನ್ ಲೀಗ್ ಗೆದ್ದಿತು. 1934ರಲ್ಲಿ ಡೆಟ್ರಾಯಿಟ್ ಪರ 15 ಪಂದ್ಯ ಗೆದ್ದು ವರ್ಲ್ಡ್ ಸೀರೀಸ್‌ವರೆಗೆ ಬಂದ, ತಂಡ ಏಳನೆಯ ಪಂದ್ಯದಲ್ಲಿ ಸೋತಿತು. 1935ರಲ್ಲಿ ಡೆಟ್ರಾಯಿಟ್ ವಿಶ್ವ ಚಾಂಪಿಯನ್ ಆಯಿತು, ಆದರೆ ಕೆಲವೇ ಪಂದ್ಯಗಳ ಬಳಿಕ ಮಾರ್ಬೆರಿಯನ್ನು ತಂಡದಿಂದ ಬಿಡುಗಡೆ ಮಾಡಿಯಾಗಿತ್ತು. ಅದೇ ವರ್ಷ ಆತ ಅದೇ ಲೀಗ್‌ನಲ್ಲಿ ಅಂಪೈರ್ ಆಗಿ ನಿಂತ! ನಿನ್ನೆಯವರೆಗೆ ಜೊತೆಗಿದ್ದವರಿಗೆ ಇಂದು ಔಟ್ ಕೊಡುವ ಕೆಲಸ. ಒಂದು ಋತುವಿಗೇ ಅದು ಮುಗಿಯಿತು. 1936ರಲ್ಲಿ ಮತ್ತೆ ಆಟಕ್ಕಿಳಿದು ಜಯಂಟ್ಸ್‌ಗೂ ಹಳೆಯ ವಾಷಿಂಗ್ಟನ್‌ಗೂ ಬೆರಳೆಣಿಕೆಯ ಪಂದ್ಯ ಎಸೆದ. ಆಮೇಲೆ ಟೆಕ್ಸಾಸ್‌ನ ಕೆಳದರ್ಜೆಯ ತಂಡಗಳಲ್ಲಿ ಕೆಲವು ವರ್ಷ. ಮೇಜರ್ ಲೀಗ್‌ನಲ್ಲಿ ಅವನ ಒಟ್ಟು ಲೆಕ್ಕ 148 ಗೆಲುವು, 88 ಸೋಲು.

1949ರಲ್ಲಿ ಮೋಟಾರು ಅಪಘಾತವೊಂದರಲ್ಲಿ ಅವನ ಎಡತೋಳು ಹೋಯಿತು. ಚೆಂಡೆಸೆದ ಬಲತೋಳು ಉಳಿಯಿತು. ಅದೇ ವರ್ಷ ಯಾಂಕೀಸ್‌ನ ಜೋ ಪೇಜ್ 27 ಪಂದ್ಯಗಳನ್ನು ಕೊನೆಯಲ್ಲಿ ಕಾಪಾಡಿ ಮಾರ್ಬೆರಿಯ 22ನ್ನು ದಾಟಿದ. ಇಪ್ಪತ್ತಮೂರು ವರ್ಷ ನಿಂತಿದ್ದ ದಾಖಲೆ ಅಂದು ಮುರಿಯಿತು. ಮುರಿದದ್ದು ಮುರಿದವನಿಗೂ ತಿಳಿಯಲಿಲ್ಲ, ಕಳೆದುಕೊಂಡವನಿಗೂ ತಿಳಿಯಲಿಲ್ಲ.

ಕಾಲಂ ಬರೆದವನು ಆಟಗಾರನಲ್ಲ, ಶಿಕಾಗೊದ ಪತ್ರಕರ್ತ ಜೆರೋಮ್ ಹೋಲ್ಟ್‌ಜ್‌ಮನ್. 1959ರಲ್ಲಿ ಪಿಟ್ಸ್‌ಬರ್ಗ್‌ನ ಬದಲಿ ಪಿಚರ್ ಎಲ್ರಾಯ್ ಫೇಸ್ 18 ಗೆದ್ದು ಒಂದೇ ಒಂದು ಸೋತ. ಎಲ್ಲರೂ ಹೊಗಳಿದರು. ಹೋಲ್ಟ್‌ಜ್‌ಮನ್ ಕೂತು ಲೆಕ್ಕ ಹಾಕಿ ನೋಡಿದರೆ, ಆ ಗೆಲುವುಗಳಲ್ಲಿ ಕೆಲವು ಫೇಸ್ ತಾನೇ ಮುನ್ನಡೆ ಕಳೆದು, ಆಮೇಲೆ ತನ್ನ ತಂಡದವರು ರನ್ ಹೊಡೆದದ್ದರಿಂದ ಅವನ ಪಾಲಿಗೆ ಬಂದವು. ಮುನ್ನಡೆ ಕಾಪಾಡಿದವನಿಗೆ ಸೊನ್ನೆ, ಕಳೆದವನಿಗೆ ಗೆಲುವು. ಇದೆಂಥ ನ್ಯಾಯ ಎಂದುಕೊಂಡು, ಮುನ್ನಡೆಯಿದ್ದಾಗ ಬಂದು ಅದನ್ನು ಕೊನೆಯವರೆಗೆ ಉಳಿಸಿಕೊಟ್ಟವನಿಗೆ ‘ಸೇವ್’ ಎಂಬ ಲೆಕ್ಕವನ್ನು ಅವನು ರೂಪಿಸಿದ. 1960ರಿಂದ ‘ಸ್ಪೋರ್ಟಿಂಗ್ ನ್ಯೂಸ್’ ವಾರಪತ್ರಿಕೆಯಲ್ಲಿ ಅದು ಪ್ರಕಟವಾಗತೊಡಗಿತು. 1969ರಲ್ಲಿ ಮೇಜರ್ ಲೀಗ್ ಅದನ್ನು ಅಧಿಕೃತವಾಗಿ ಒಪ್ಪಿಕೊಂಡಿತು.

ಅದೇ 1969ರಲ್ಲಿ ಬೇಸ್‌ಬಾಲ್‌ನ ದೊಡ್ಡ ವಿಶ್ವಕೋಶವೊಂದು ಹೊರಬಂತು. ಅದಕ್ಕಾಗಿ ದುಡಿದವರು ಹಳೆಯ ಪಂದ್ಯಗಳ ವರದಿಗಳನ್ನು ಒಂದೊಂದಾಗಿ ತೆಗೆದು, ಹೊಸ ನಿಯಮವನ್ನು ಹಿಂದಿನ ಕಾಲಕ್ಕೂ ಹಚ್ಚಿ ಎಣಿಸಿದರು. ಆಗ ಬೆಳಕಿಗೆ ಬಂತು ಆ 22. ಆಗ ಬೆಳಕಿಗೆ ಬಂತು 1924ರ ಹದಿನೈದು. ಒಟ್ಟು ಸೇವ್‌ಗಳು ನೂರರ ಆಸುಪಾಸು. ಅವನಿಗಿಂತ ಹಿಂದಿನವರು ಯಾರೂ ಅದರ ಹತ್ತಿರಕ್ಕೂ ಬಂದಿರಲಿಲ್ಲ. ಟೆಕ್ಸಾಸ್‌ನಲ್ಲಿದ್ದ ಒಂಟಿ ತೋಳಿನ ಮನುಷ್ಯನಿಗೆ ಆಗ ಎಪ್ಪತ್ತು ವರ್ಷ. ಬೇಸ್‌ಬಾಲ್ ಅಂಕಿಸಂಖ್ಯೆಗಳ ಪಂಡಿತ ಬಿಲ್ ಜೇಮ್ಸ್ ಮುಂದೆ ಬರೆದದ್ದು ಮಾರ್ಬೆರಿ ಇಂದಿನ ಅರ್ಥದಲ್ಲೇ ರಿಲೀಫ್ ಪಿಚರ್ ಎಂದು. ಯುವಕ, ವೇಗದ ಎಸೆತದವನು, ಮೇಲಿಂದ ಮೇಲೆ ಆಡಿದವನು, ಮುನ್ನಡೆ ಕಾಪಾಡಲೆಂದೇ ಇಳಿಸಲ್ಪಟ್ಟವನು.

ಇಂದು ಆ ಕೆಲಸಕ್ಕೆ ಕೋಟಿಗಟ್ಟಲೆ ಡಾಲರ್ ಸಂಬಳವಿದೆ. 2008ರಲ್ಲಿ ಫ್ರಾನ್ಸಿಸ್ಕೊ ರೊಡ್ರಿಗಸ್ ಒಂದೇ ಋತುವಿನಲ್ಲಿ 62 ಸೇವ್ ಮಾಡಿದ. 652 ಸೇವ್‌ಗಳ ಮರಿಯಾನೊ ರಿವೇರಾನನ್ನು 2019ರಲ್ಲಿ ಕೀರ್ತಿಭವನಕ್ಕೆ ಆರಿಸಿದಾಗ ಮತದಾರರಲ್ಲಿ ಒಬ್ಬನೂ ಇಲ್ಲವೆನ್ನಲಿಲ್ಲ. ಮುಖ್ಯವಾಗಿ ಬದಲಿ ಪಿಚರ್ ಆಗಿಯೇ ಹೆಸರಾದವರಲ್ಲಿ ಆ ಭವನಕ್ಕೆ ಮೊದಲು ಸೇರಿದವನು ಹಾಯ್ಟ್ ವಿಲ್ಹೆಲ್ಮ್, 1985ರಲ್ಲಿ. ಮಾರ್ಬೆರಿ ಅಲ್ಲಿಲ್ಲ. 1976ರ ಜೂನ್ 30ರಂದು, ಹುಟ್ಟೂರಿಗೆ ಹತ್ತಿರದ ಮೆಹೀಯಾ ಪಟ್ಟಣದಲ್ಲಿ, ಎಪ್ಪತ್ತೇಳನೆಯ ವಯಸ್ಸಿನಲ್ಲಿ ಆತ ತೀರಿಕೊಂಡ.

1924ರ ಅಕ್ಟೋಬರ್ 10ರ ಪಂದ್ಯದ ಸ್ಕೋರು ಪಟ್ಟಿಯಲ್ಲಿ ವಾಲ್ಟರ್ ಜಾನ್ಸನ್‌ನ ಹೆಸರಿನ ಮುಂದೆ ಗೆಲುವು ಎಂದಿದೆ. ಮಾರ್ಬೆರಿಯ ಹೆಸರಿನ ಮುಂದೆ ಮೂರು ಇನಿಂಗ್ಸ್ ಎಂದಿದೆ, ಗೆಲುವೂ ಇಲ್ಲ, ಸೋಲೂ ಇಲ್ಲ. ಹೊಸ ನಿಯಮವನ್ನು ಹಚ್ಚಿದರೂ ಅಂದಿನ ಪಂದ್ಯಕ್ಕೆ ಅವನಿಗೆ ಸೇವ್ ಸಿಗುವುದಿಲ್ಲ. 1–0 ಮುನ್ನಡೆ ಅವನು ಬಂದ ಮೇಲೆ ಹೋಯಿತಲ್ಲ. ಈಗಿನವರು ಅದಕ್ಕೂ ಒಂದು ಕಾಲಂ ಮಾಡಿದ್ದಾರೆ, ಕಳೆದುಕೊಂಡ ಸೇವ್ ಎಂದು. ಜಡ್ಜ್ ಕೈಬಿಟ್ಟ ಚೆಂಡಾಗಲಿ, ಬ್ಲೂಜ್‌ನ ಕಾಲ ನಡುವೆ ಹೋದ ಚೆಂಡಾಗಲಿ, ಆಮೇಲೆ ರನ್ ಕೊಡದೆ ನಿಂತ ಏಳು ಎಂಟನೆಯ ಇನಿಂಗ್ಸ್‌ಗಳಾಗಲಿ ಆ ಕಾಲಂಗೆ ಬರುವುದಿಲ್ಲ.